ನಿತ್ಯಸಮೀಕರಣವೂ ನಕ್ಷೆಯ ಸಾಕ್ಷ್ಯವೂ

“ಎಡಭಾಗವು ಬಲಭಾಗಕ್ಕೆ ಸಮವೆಂದು ಸಾಧಿಸಿರಿ” ಎಂಬ ವಾಕ್ಯವನ್ನು ಈ ಸಂಚಿಕೆಯನ್ನು ಓದುವ ಹಳೆಯ ವಿದ್ಯಾರ್ಥಿನಿಯರು ಮರೆತಿರಲಾರರು. ತ್ರಿಕೋನಮಿತಿಯ ಪಾಠಕ್ಕೆ ಬಂದೊಡನೆ ಸೈನ್, ಕಾಸ್, ಟ್ಯಾನ್ ಎಂಬವುಗಳು ಹಲಗೆಯ ತುಂಬ ಹರಡಿಕೊಂಡು, ಎಲ್ಲಿಂದ ಹೊರಟರೆ ಎಲ್ಲಿಗೆ ಸೇರುವೆವೋ ತಿಳಿಯದೆ ಎಷ್ಟೋ ಮಂದಿ ಬಾಲಿಕೆಯರು ಕಳವಳಪಟ್ಟಿದ್ದುಂಟು. ಈಗ ಅವರ ಮಕ್ಕಳು ಅದೇ ಲೆಕ್ಕಗಳನ್ನು ಮಾಡುತ್ತಿರುವರು. ಲೆಕ್ಕವು ಬದಲಾಗಿಲ್ಲವಾದರೂ ಮಕ್ಕಳ ಕೈಗೆ ಹೊಸದೊಂದು ಉಪಕರಣವು ಬಂದಿದೆ. ಅದರಲ್ಲಿ ಎಡಭಾಗವನ್ನೂ ಬಲಭಾಗವನ್ನೂ ಬರೆದು ಒಂದು ಗುಂಡಿಯನ್ನೊತ್ತಿದರೆ ಎರಡಕ್ಕೂ ನಕ್ಷೆಗಳು ತಾವಾಗಿಯೇ ಮೂಡುತ್ತವೆ. “ಅಮ್ಮಾ, ಎರಡು ಗೆರೆಗಳೂ ಒಂದರ ಮೇಲೊಂದು ಸರಿಯಾಗಿ ಕುಳಿತಿವೆ, ಇನ್ನು ಸಾಧಿಸುವುದಕ್ಕೆ ಏನು ಉಳಿಯಿತು?” ಎಂದು ಮಗಳು ಕೇಳಿದರೆ ತಾಯಿಯಾದವಳು ಏನೆಂದು ಉತ್ತರ ಕೊಡಬೇಕು? “ಪರೀಕ್ಷೆಯಲ್ಲಿ ಅಂಕ ಬರುವುದಿಲ್ಲ” ಎಂದರೆ ಬಾಯಿ ಮುಚ್ಚಿಸಿದಂತಾಯಿತೇ ಹೊರತು ಪ್ರಶ್ನೆಗೆ ಉತ್ತರವಾಗಲಿಲ್ಲ. ಪ್ರಶ್ನೆಯಾದರೋ ನ್ಯಾಯವಾದುದು. ಆದುದರಿಂದ ಅದಕ್ಕೆ ತಕ್ಕ ಉತ್ತರವನ್ನು ಇಲ್ಲಿ ಸ್ವಲ್ಪ ವಿಸ್ತಾರವಾಗಿಯೇ ಅರಿಕೆ ಮಾಡಬೇಕೆಂದು ಯತ್ನಿಸಿದ್ದೇವೆ.

ಮೊದಲು ನಿತ್ಯಸಮೀಕರಣವೆಂದರೇನೆಂಬುದನ್ನು ನೆನಪಿಗೆ ತಂದುಕೊಳ್ಳೋಣ. ಒಂದು ಸಂಖ್ಯೆಯನ್ನು ಇಮ್ಮಡಿಸಿ 3ನ್ನು ಕೂಡಿದರೆ 11 ಆಗುತ್ತದೆ ಎಂಬುದು ಸಮೀಕರಣವು. ಆ ಸಂಖ್ಯೆಯು 4 ಆದಾಗ ಮಾತ್ರ ಅದು ಸತ್ಯ, ಬೇರೆ ಯಾವುದಾದರೂ ಸುಳ್ಳು. ಆದರೆ ‘ಅ’ ಎಂಬುದು ಯಾವುದೇ ಕೋನವಾಗಿರಲಿ,

ಸೈನ್² ಅ + ಕಾಸ್² ಅ = 1

ಎಂಬುದು ಸತ್ಯವೇ. ಇಂಥದಕ್ಕೆ ನಿತ್ಯಸಮೀಕರಣವೆಂದು ಹೆಸರು. ‘ನಿತ್ಯ’ವೆಂಬ ಈ ಶಬ್ದದಲ್ಲಿಯೇ ತೊಡಕೆಲ್ಲವೂ ಅಡಗಿದೆ. ಒಂದು ಡಿಗ್ರಿ, ಅರ್ಧ ಡಿಗ್ರಿ, ಅದರಲ್ಲಿ ನೂರನೆಯ ಒಂದು ಪಾಲು, ಹೀಗೆ ಎಣಿಸುತ್ತ ಹೋದರೆ ಕೋನಗಳಿಗೆ ಕೊನೆಯಿಲ್ಲ. ಅವೆಲ್ಲವುಗಳ ವಿಷಯದಲ್ಲಿಯೂ ಒಂದೇ ಸಲ ಮಾತು ಕೊಡುವುದು ನಿತ್ಯಸಮೀಕರಣದ ಕೆಲಸ. ಒಂದೊಂದು ಕೋನವನ್ನೂ ತೆಗೆದು ಪರೀಕ್ಷಿಸಿ ನೋಡುವೆವೆಂದರೆ ಆಯುಷ್ಯವೇ ಸಾಲದು.

ಇನ್ನು ಯಂತ್ರದ ವಿಚಾರ. ನಕ್ಷೆ ಬರೆಯುವ ಕ್ಯಾಲ್ಕುಲೇಟರುಗಳಲ್ಲಿ ಮೊತ್ತಮೊದಲು ಮಾರುಕಟ್ಟೆಗೆ ಬಂದುದು ಜಪಾನಿನ ಕ್ಯಾಸಿಯೋ ಕಂಪೆನಿಯ ಎಫ್‌ಎಕ್ಸ್-7000ಜಿ ಎಂಬುದು. ಅದು ಬಂದ ವರ್ಷ 1985. ಅಮೆರಿಕದ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ ಎಂಬವರು 1990ರಲ್ಲಿ ಟಿಐ-81 ಎಂಬುದನ್ನೂ, ತರುವಾಯ 2004ರಲ್ಲಿ ಟಿಐ-84 ಪ್ಲಸ್ ಎಂಬುದನ್ನೂ ಹೊರತಂದರು. ಆ ದೇಶದಲ್ಲಿ ಪ್ರೌಢಶಾಲೆಯ ಮಕ್ಕಳು ಬರೆಯುವ ಎಪಿ ಕ್ಯಾಲ್ಕುಲಸ್ ಪರೀಕ್ಷೆಗೆ 1995ರಲ್ಲಿ ಇಂಥ ಯಂತ್ರವನ್ನು ತರಲೇಬೇಕೆಂಬ ನಿಯಮವು ಬಂದಿತು. ನಮ್ಮ ಹುಡುಗಿಯರು ಇವನ್ನು ಕೊಂಡು ತರಬೇಕಾದುದಿಲ್ಲ. ಆಸ್ಟ್ರಿಯಾ ದೇಶದ ಸಾಲ್ಜ್‌ಬರ್ಗ್ ವಿಶ್ವವಿದ್ಯಾನಿಲಯದಲ್ಲಿ ಮಾರ್ಕುಸ್ ಹೋಹೆನ್‌ವಾರ್ಟರ್ ಎಂಬವರು 2001ರಲ್ಲಿ ಆರಂಭಿಸಿದ ಜಿಯೋಜೀಬ್ರಾ, 2011ರಲ್ಲಿ ಹೊರಟ ಡೆಸ್ಮೋಸ್, ಇವೆರಡೂ ಮನೆಯ ಮೊಬೈಲಿನಲ್ಲಿಯೇ ಹಣವಿಲ್ಲದೆ ದೊರೆಯುತ್ತವೆ.

ಆದರೆ ಈ ಯಂತ್ರವು ನಕ್ಷೆಯನ್ನು ಬರೆಯುವ ಬಗೆ ಹೇಗೆ? ಇದನ್ನು ತಿಳಿಯದೆ ಮುಂದಕ್ಕೆ ಹೋಗಕೂಡದು. ಹಳೆಯ ವಿದ್ಯಾರ್ಥಿನಿಯರು ಗ್ರಾಫ್ ಕಾಗದದ ಮೇಲೆ ಏನು ಮಾಡುತ್ತಿದ್ದರೋ ಯಂತ್ರವೂ ಅದನ್ನೇ ಮಾಡುತ್ತದೆ. ಅವರು 0, 10, 20 ಡಿಗ್ರಿ ಎಂದು ಒಂದು ಪಟ್ಟಿಯನ್ನು ಮಾಡಿ, ಕೋಷ್ಟಕದಲ್ಲಿ ಬೆಲೆಗಳನ್ನು ನೋಡಿ, ಚುಕ್ಕೆಗಳನ್ನಿಟ್ಟು, ಆಮೇಲೆ ಕೈಯಿಂದ ಗೆರೆಯನ್ನು ಕೂಡಿಸುತ್ತಿದ್ದರಲ್ಲವೆ? ಯಂತ್ರವು ಪರದೆಯ ಒಂದೊಂದು ಕಂಬಸಾಲಿಗೆ ಒಂದೊಂದು ಕೋನವನ್ನು ತೆಗೆದುಕೊಂಡು ಬೆಲೆಯನ್ನು ಲೆಕ್ಕಿಸಿ, ಅಲ್ಲಿಗೆ ಒಂದು ಚುಕ್ಕೆಯನ್ನಿಟ್ಟು, ಪಕ್ಕದ ಚುಕ್ಕೆಗೆ ಸಣ್ಣದೊಂದು ಗೆರೆಯಿಂದ ಸೇರಿಸುತ್ತದೆ. ವ್ಯತ್ಯಾಸವೆಲ್ಲ ವೇಗದಲ್ಲಿ ಮಾತ್ರ. ಚುಕ್ಕೆ ಚುಕ್ಕೆಗಳ ನಡುವೆ ಏನಿದೆಯೆಂಬುದನ್ನು ಯಂತ್ರವು ನೋಡಿರುವುದಿಲ್ಲ. ಚುಕ್ಕಿ ರಂಗೋಲಿಯನ್ನು ಇಟ್ಟು ಬಲ್ಲ ಹೆಂಗಸರಿಗೆ ಇದರ ಅರ್ಥವನ್ನು ಹೆಚ್ಚಾಗಿ ಬಿಡಿಸಿ ಹೇಳಬೇಕಾಗಿಲ್ಲ; ಅವೇ ಚುಕ್ಕಿಗಳ ಸಾಲಿನ ಮೇಲೆ ಒಬ್ಬಳು ತಾವರೆಯನ್ನೂ ಇನ್ನೊಬ್ಬಳು ನವಿಲನ್ನೂ ಬರೆಯಬಹುದಷ್ಟೆ.

ಈಗ ಪರೀಕ್ಷೆಯ ಕ್ರಮವನ್ನು ನೋಡೋಣ. ಯಂತ್ರವು ಡಿಗ್ರಿಯಲ್ಲಿದೆಯೋ ರೇಡಿಯನ್ನಿನಲ್ಲಿದೆಯೋ ಎಂಬುದನ್ನು ಮೊದಲು ಗೊತ್ತುಮಾಡಿಕೊಳ್ಳತಕ್ಕದ್ದು. ಡಿಗ್ರಿಯಲ್ಲಿರುವ ಯಂತ್ರದಲ್ಲಿ −6ರಿಂದ 6ರ ವರೆಗೆ ಸೈನ್ ನಕ್ಷೆಯನ್ನು ಬರೆಯಿಸಿದರೆ ಅಲೆಯ ಬದಲು ಬಹುಮಟ್ಟಿಗೆ ಮಲಗಿದ ಗೆರೆಯೊಂದು ಕಾಣುತ್ತದೆ. 6 ಡಿಗ್ರಿಯ ಸೈನ್ ಬೆಲೆ 0.1045 ಮಾತ್ರವಾಗಿರುವುದೇ ಇದಕ್ಕೆ ಕಾರಣ. ಅನಂತರ ಮೊದಲನೆಯ ಸಾಲಿನಲ್ಲಿ ಎಡಭಾಗವನ್ನೂ ಎರಡನೆಯ ಸಾಲಿನಲ್ಲಿ ಬಲಭಾಗವನ್ನೂ ಬರೆದು ನಕ್ಷೆಯನ್ನು ತೆಗೆಯಬೇಕು. ಎರಡನೆಯದು ಮೊದಲನೆಯದರ ಮೇಲೆಯೇ ಬೀಳುವುದರಿಂದ ಅದು ಬಂದಿತೋ ಇಲ್ಲವೋ ಎಂಬ ಸಂಶಯವುಂಟಾದರೆ, ಬಲಭಾಗಕ್ಕೆ 1ನ್ನು ಕೂಡಿಸಿ ಬರೆಯಿರಿ. ಒಂದೇ ಆಕಾರದ ಎರಡು ಗೆರೆಗಳು ಮೇಲೂ ಕೆಳಗೂ ಜೊತೆಯಾಗಿ ಹೋಗುವುದನ್ನು ಕಾಣುವಿರಿ. ಇದಕ್ಕಿಂತಲೂ ಒಳ್ಳೆಯ ಉಪಾಯವೆಂದರೆ ಎಡಭಾಗದಿಂದ ಬಲಭಾಗವನ್ನು ಕಳೆದು, ಬಂದ ಶೇಷಕ್ಕೆ ನಕ್ಷೆ ಬರೆಯಿಸುವುದು. ಅದು ಸೊನ್ನೆಯ ಮೇಲೆ ಮಲಗಿದ್ದರೆ ಎರಡೂ ಭಾಗಗಳು ಹೊಂದಿದವೆಂದು ತಿಳಿಯಬೇಕು.

ಸುಳ್ಳನ್ನು ಹಿಡಿಯುವ ಕೆಲಸದಲ್ಲಿ ಈ ಯಂತ್ರವು ಬಹು ಸಮರ್ಥವಾದುದು. ಮಕ್ಕಳು ಪದೇ ಪದೇ ಬರೆಯುವ ಎರಡು ತಪ್ಪುಗಳಿವೆ. ವರ್ಗದ ಚಿಹ್ನೆಯನ್ನು ಮರೆತು ‘ಸೈನ್ ಅ + ಕಾಸ್ ಅ = 1’ ಎನ್ನುವುದು ಒಂದು; ‘ಸೈನ್ 2ಅ = 2 ಸೈನ್ ಅ’ ಎನ್ನುವುದು ಇನ್ನೊಂದು. ಮೊದಲನೆಯದನ್ನು 0 ಡಿಗ್ರಿಯಲ್ಲಿಯೂ 90 ಡಿಗ್ರಿಯಲ್ಲಿಯೂ ತಾಳೆ ನೋಡಿದವಳಿಗೆ ಅದು ಸರಿಯೆಂದೇ ತೋರುತ್ತದೆ. 45 ಡಿಗ್ರಿಯಲ್ಲಿ ಮೊತ್ತವು 1.414 ಆಗಿರುವುದನ್ನು ಅವಳು ಕಂಡಿಲ್ಲ. ಎರಡನೆಯದು 0, 180, 360 ಡಿಗ್ರಿಗಳಲ್ಲಿ ಸರಿಹೋಗುತ್ತದೆ. 90 ಡಿಗ್ರಿಯಲ್ಲಿ ಎಡಗಡೆ 0, ಬಲಗಡೆ 2. ನಕ್ಷೆಯಲ್ಲಿ ಇವೆರಡರ ಬಣ್ಣವೂ ಒಂದು ನಿಮಿಷದಲ್ಲಿ ಬಯಲಾಗುತ್ತದೆ. ಸಾವಿರ ಕೋನಗಳಲ್ಲಿ ಹೊಂದಿ ಒಂದರಲ್ಲಿ ಹೊಂದದಿದ್ದರೂ ‘ನಿತ್ಯ’ವೆಂಬ ಮಾತು ಬಿದ್ದುಹೋಯಿತು. ಆದ ಕಾರಣ, ಹೊಂದದ ಒಂದು ಕೋನವನ್ನು ಯಂತ್ರದಿಂದ ಕಂಡುಕೊಂಡು ಅದನ್ನು ಕೈಯಿಂದ ಲೆಕ್ಕಮಾಡಿ ತೋರಿಸಿದ ಬಾಲಿಕೆಯು ಆ ಹೇಳಿಕೆ ಸುಳ್ಳೆಂಬುದನ್ನು ಸಂಪೂರ್ಣವಾಗಿ ಸಾಧಿಸಿದಳೆಂದೇ ಹೇಳಬೇಕು. ಅಲ್ಲಿ ಯಾವ ಕೊರತೆಯೂ ಇಲ್ಲ.

ತೊಡಕಿರುವುದು ಗೆರೆಗಳು ಹೊಂದಿಕೊಂಡಾಗ. ಇದನ್ನು ತಿಳಿಯುವುದಕ್ಕೆ ನಮ್ಮ ದೇಶದ್ದೇ ಆದ ಒಂದು ದೃಷ್ಟಾಂತವನ್ನು ತೆಗೆದುಕೊಳ್ಳುವೆವು. ಕ್ರಿ.ಶ. 629ರಲ್ಲಿ ಆರ್ಯಭಟೀಯಕ್ಕೆ ವ್ಯಾಖ್ಯಾನವನ್ನು ಬರೆದ ಭಾಸ್ಕರನೆಂಬ ಜ್ಯೋತಿಷಿಯೊಬ್ಬನಿದ್ದನು. ಲೀಲಾವತಿಯನ್ನು ರಚಿಸಿದ ಭಾಸ್ಕರಾಚಾರ್ಯನು ಇವನಿಗಿಂತ ಐದು ಶತಮಾನಗಳ ಈಚಿನವನಾದುದರಿಂದ ಇವನನ್ನು ಮೊದಲನೆಯ ಭಾಸ್ಕರನೆಂದು ಕರೆಯುವರು. ಇವನ ಮಹಾಭಾಸ್ಕರೀಯವೆಂಬ ಗ್ರಂಥದಲ್ಲಿ ಜ್ಯಾ, ಎಂದರೆ ಈಗಿನ ಸೈನ್, ಬೆಲೆಯನ್ನು ಕೋಷ್ಟಕದ ಸಹಾಯವಿಲ್ಲದೆ ಕಂಡುಹಿಡಿಯುವ ಒಂದು ಸೂತ್ರವಿದೆ. (ಸೈನ್ ಎಂಬ ಹೆಸರೇ ನಮ್ಮ ‘ಜ್ಯಾ’ ಎಂಬುದು ಅರಬ್ಬರ ಬಾಯಲ್ಲಿ ‘ಜೀಬ’ವಾಗಿ, ಆಮೇಲೆ ಬೇರೊಂದು ಶಬ್ದವೆಂದು ತಪ್ಪಾಗಿ ಓದಲ್ಪಟ್ಟು, ಲ್ಯಾಟಿನ್ ಭಾಷೆಗೆ ‘ಸೈನಸ್’ ಎಂದು ತಿರುಗಿ ಹುಟ್ಟಿಕೊಂಡ ಹೆಸರು.) ಸೂತ್ರವನ್ನು ಈಗಿನ ರೀತಿಯಲ್ಲಿ ಹೇಳುವುದಾದರೆ: ಕೋನದ ಡಿಗ್ರಿಯನ್ನು 180ರಿಂದ ಕಳೆದು, ಆ ಶೇಷವನ್ನು ಕೋನದಿಂದಲೇ ಗುಣಿಸಿರಿ. ಬಂದ ಗುಣಲಬ್ಧವನ್ನು ನಾಲ್ಕರಿಂದ ಗುಣಿಸಿ ಮೇಲೆ ಬರೆಯಿರಿ. ಅದೇ ಗುಣಲಬ್ಧವನ್ನು 40500ರಿಂದ ಕಳೆದು ಕೆಳಗೆ ಬರೆಯಿರಿ. ಮೇಲಿನದನ್ನು ಕೆಳಗಿನದರಿಂದ ಭಾಗಿಸಿರಿ.

30 ಡಿಗ್ರಿಗೆ ಇದನ್ನು ಮಾಡಿ ನೋಡೋಣ. 30ನ್ನು 150ರಿಂದ ಗುಣಿಸಿದರೆ 4500. ಮೇಲೆ 18000, ಕೆಳಗೆ 36000. ಭಾಗಿಸಿದರೆ ಸರಿಯಾಗಿ ಅರ್ಧ. 90 ಡಿಗ್ರಿಗೆ ಮೇಲೂ 32400, ಕೆಳಗೂ 32400, ಉತ್ತರ 1. 0ಗೂ 180ಗೂ ಸೊನ್ನೆ, 150ಕ್ಕೆ ಪುನಃ ಅರ್ಧ. ಎಲ್ಲವೂ ಸೈನ್ ಬೆಲೆಗಳೇ! ಇನ್ನು ಟಿಐ-84 ಪ್ಲಸ್ ಯಂತ್ರದಲ್ಲಿ ಈ ಸೂತ್ರವನ್ನೂ ಸೈನನ್ನೂ 0ಯಿಂದ 180 ಡಿಗ್ರಿಯ ವರೆಗೆ ಒಟ್ಟಿಗೆ ಬರೆಯಿಸಿದರೆ ಎರಡು ಗೆರೆಗಳು ಒಂದೇ ಆಗಿ ಕಾಣುತ್ತವೆ. ಆದರೆ ಇದು ನಿತ್ಯಸಮೀಕರಣವೇ? ಅಲ್ಲ. 10 ಡಿಗ್ರಿಯಲ್ಲಿ ಸೂತ್ರವು ಕೊಡುವುದು 0.1753, ನಿಜವಾದ ಸೈನ್ 0.1736. 45 ಡಿಗ್ರಿಯಲ್ಲಿ ಸೂತ್ರದಿಂದ 0.7059, ನಿಜವಾದುದು 0.7071. ಅರ್ಧ ವೃತ್ತದ ಒಳಗೆ ಎಲ್ಲಿ ನೋಡಿದರೂ ತಪ್ಪು ಸುಮಾರು 0.0016ನ್ನು ಮೀರುವುದಿಲ್ಲ. ಆ ಯಂತ್ರದ ಪರದೆಯಲ್ಲಿ ನಕ್ಷೆಗೆ ಮೀಸಲಾಗಿರುವುದು 63 ಅಡ್ಡಸಾಲುಗಳು. −4ರಿಂದ 4ರ ವರೆಗೆ ಅವನ್ನು ಹಂಚಿದರೆ ಒಂದು ಚುಕ್ಕೆಯ ಎತ್ತರವು ಸುಮಾರು 0.13. ತಪ್ಪಾದರೋ ಅದರ ಎಂಬತ್ತನೆಯ ಒಂದು ಪಾಲಿನಷ್ಟು ಮಾತ್ರ. ಕಣ್ಣಿಗೆ ಕಾಣುವ ಬಗೆ ಹೇಗೆ?

ಹದಿಮೂರು ಶತಮಾನಗಳ ಹಿಂದೆ ಇಂಥ ಸೂತ್ರವನ್ನು ಕಟ್ಟಿದ ಬುದ್ಧಿಯನ್ನು ಎಷ್ಟು ಕೊಂಡಾಡಿದರೂ ತೀರದು. ಗ್ರಹಗತಿಯ ಗಣನೆಗೆ ಬೇಕಾದಷ್ಟು ಸೂಕ್ಷ್ಮತೆ ಅದರಲ್ಲಿತ್ತು. ಆದರೆ ಅದು ಸಮೀಪದ ಬೆಲೆಯೇ ಹೊರತು ಸಮನಾದ ಬೆಲೆಯಲ್ಲ. ನಕ್ಷೆಯ ಕಿಟಕಿಯನ್ನು 180 ಡಿಗ್ರಿಯಿಂದ ಆಚೆಗೆ ತೆರೆದರಂತೂ ಬೇರೆಯೇ ನೋಟವು ಕಾಣುತ್ತದೆ: 270 ಡಿಗ್ರಿಯಲ್ಲಿ ಸೈನ್ −1, ಸೂತ್ರದ ಉತ್ತರ −1.5. ಒಂದೇ ಕಿಟಕಿಯಿಂದ ನೋಡಿ ಊರೆಲ್ಲವನ್ನೂ ಕಂಡೆವೆನ್ನಲಾಗದು.

ಭಾಸ್ಕರನ ಸೂತ್ರದಲ್ಲಿ ಭೇದವು ತೀರ ಸಣ್ಣದಾದುದರಿಂದ ಮರೆಯಾಯಿತೆಂದು ಸಮಾಧಾನ ಹೇಳಿಕೊಳ್ಳಬಹುದು. ಆದರೆ ಭೇದವು ಬಹು ದೊಡ್ಡದಾಗಿದ್ದು, ಒಂದು ಚುಕ್ಕೆಯೂ ಆಚೀಚೆಯಾಗದೆ ಎರಡು ನಕ್ಷೆಗಳು ಹೊಂದಿಕೊಳ್ಳುವ ಸಂದರ್ಭವೂ ಇದೆ. ಹೆಚ್ಚು ಗಮನವಿಟ್ಟು ಓದಬೇಕಾದುದು ಇದನ್ನೇ.

ಮೇಲೆ ಹೇಳಿದ ಟಿಐ-84 ಪ್ಲಸ್ ಯಂತ್ರದಲ್ಲಿ ತ್ರಿಕೋನಮಿತಿಗೆಂದೇ ಸಿದ್ಧಪಡಿಸಿದ ಒಂದು ಕಿಟಕಿಯಿದೆ. ‘ಜೂಮ್’ ಎಂಬ ಗುಂಡಿಯನ್ನೊತ್ತಿ ‘ಜೆಡ್‌ಟ್ರಿಗ್’ ಎಂಬುದನ್ನು ಆರಿಸಿದರೆ, ಡಿಗ್ರಿಯಲ್ಲಿ −352.5ರಿಂದ 352.5ರ ವರೆಗೆ ಅಡ್ಡಗೆರೆಯು ಹರಡುತ್ತದೆ. ಪರದೆಯಲ್ಲಿ 95 ಕಂಬಸಾಲುಗಳಿರುವುದರಿಂದ ಒಂದು ಚುಕ್ಕೆಗೂ ಮುಂದಿನದಕ್ಕೂ ಸರಿಯಾಗಿ 7.5 ಡಿಗ್ರಿ ಅಂತರ. ಈಗ ಮೊದಲನೆಯ ಸಾಲಿನಲ್ಲಿ ಸೈನ್ ಅ ಎಂದೂ ಎರಡನೆಯ ಸಾಲಿನಲ್ಲಿ ಸೈನ್ 49ಅ ಎಂದೂ ಬರೆದು ನಕ್ಷೆಯನ್ನು ತೆಗೆಯಿರಿ. ಸೈನ್ 49ಅ ಎಂಬುದು ಒಂದು ಸುತ್ತಿನಲ್ಲಿ ನಲ್ವತ್ತೊಂಬತ್ತು ಸಲ ಏರಿ ಇಳಿಯುವ ಅಲೆ. ಸೈನ್ ಅ ಎಂಬುದು ಒಂದೇ ಸಲ ಏರಿ ಇಳಿಯುವುದು. ಆದರೂ ಪರದೆಯ ಮೇಲೆ ಎರಡೂ ಒಂದೇ! ಎರಡನೆಯದನ್ನು ಬರೆಯುವಾಗ ಹೊಸ ಚುಕ್ಕೆಯೊಂದೂ ಹುಟ್ಟುವುದಿಲ್ಲ. ಎರಡು ನಕ್ಷೆಗಳನ್ನು ಕಳೆದರೆ ಶೇಷವು ಸೊನ್ನೆಯ ಮೇಲೆ ಸುಮ್ಮನೆ ಮಲಗಿರುತ್ತದೆ.

ಇದರಲ್ಲಿ ಮಾಯೆಯೇನೂ ಇಲ್ಲ. ಕಾಗದದ ಮೇಲೆ ಲೆಕ್ಕಮಾಡಿ ನೋಡಬಹುದು. 7.5ನ್ನು 49ರಿಂದ ಗುಣಿಸಿದರೆ 367.5. ಒಂದು ಪೂರ್ತಿ ಸುತ್ತಾದ 360ನ್ನು ಕಳೆದರೆ ಉಳಿಯುವುದು 7.5. ಹಾಗಾದರೆ 367.5 ಡಿಗ್ರಿಯ ಸೈನೂ 7.5 ಡಿಗ್ರಿಯ ಸೈನೂ ಒಂದೇ ಆಗಬೇಕಷ್ಟೆ. ಎರಡನೆಯ ಚುಕ್ಕೆ 15 ಡಿಗ್ರಿಯದು. ಅಲ್ಲಿ 735, ಎಂದರೆ ಎರಡು ಸುತ್ತು ಮತ್ತು 15. ಹೀಗೆ ಚುಕ್ಕೆಯಿಂದ ಚುಕ್ಕೆಗೆ ಹೋಗುವಷ್ಟರಲ್ಲಿ ವೇಗವಾದ ಅಲೆಯು ನಿಧಾನವಾದ ಅಲೆಗಿಂತ ಸರಿಯಾಗಿ ಒಂದು ಸುತ್ತನ್ನು ಹೆಚ್ಚಾಗಿ ಸುತ್ತಿ ಬಂದು, ಯಂತ್ರವು ಕಣ್ಣು ತೆರೆಯುವ ಹೊತ್ತಿಗೆ ಏನೂ ಅರಿಯದಂತೆ ಜೊತೆಯಲ್ಲಿ ನಿಂತಿರುತ್ತದೆ. ಚುಕ್ಕೆಗಳ ನಡುವಿನ ಒಂದು ಕೋನವನ್ನು ತೆಗೆದುಕೊಂಡರೆ ನಿಜವು ಹೊರಬೀಳುವುದು: 1 ಡಿಗ್ರಿಯ ಸೈನ್ 0.017, 49 ಡಿಗ್ರಿಯ ಸೈನ್ 0.755. ಬಣ್ಣದ ಪರದೆಯ ಹೊಸ ಯಂತ್ರಗಳಲ್ಲಿ ಚುಕ್ಕೆಗಳು ಹೆಚ್ಚಾಗಿರುವುದರಿಂದ 49 ಎಂಬ ಸಂಖ್ಯೆಯು ಅಲ್ಲಿ ಈ ಆಟವನ್ನು ಆಡಲಾರದು. ಮೊಬೈಲಿನ ಡೆಸ್ಮೋಸ್ ಅದನ್ನು ದಟ್ಟವಾದ ಅಲೆಗಳಾಗಿಯೇ ತೋರಿಸುತ್ತದೆ. ಆದರೆ ಯಾವ ಯಂತ್ರವಾದರೂ ನೋಡುವ ಚುಕ್ಕೆಗಳಿಗೆ ಒಂದು ಲೆಕ್ಕವಿದ್ದೇ ಇದೆ; ಆ ಲೆಕ್ಕವನ್ನು ಮೀರಿದ ವೇಗದ ಅಲೆಯೂ ಇದ್ದೇ ಇದೆ.

ಇನ್ನು ಕೆಲವು ಸಣ್ಣ ತೊಡಕುಗಳನ್ನು ಸಂಕ್ಷೇಪವಾಗಿ ಹೇಳುವೆವು. ‘1ರಿಂದ ಸೈನ್² ಅ ಕಳೆದು ವರ್ಗಮೂಲ ತೆಗೆದರೆ ಕಾಸ್ ಅ’ ಎಂಬುದನ್ನು ಹತ್ತನೆಯ ತರಗತಿಯವಳು ನಿತ್ಯಸಮೀಕರಣವೆಂದೇ ಭಾವಿಸುತ್ತಾಳೆ. ಅವಳ ಪಾಠದಲ್ಲಿರುವುದು ಲಘುಕೋನಗಳು ಮಾತ್ರವಾದುದರಿಂದ ಅಷ್ಟರ ಮಟ್ಟಿಗೆ ಅದು ಸರಿಯೂ ಹೌದು. ಆದರೆ 180 ಡಿಗ್ರಿಯಲ್ಲಿ ವರ್ಗಮೂಲವು 1, ಕಾಸ್ ಬೆಲೆಯು −1. ನಕ್ಷೆಯಲ್ಲಿ ಒಂದು ಗೆರೆಯು ಅಡ್ಡಗೆರೆಯ ಕೆಳಕ್ಕೆ ಧುಮುಕುವುದನ್ನೂ, ಇನ್ನೊಂದು ಚೆಂಡಿನಂತೆ ಪುಟಿದು ಮೇಲಕ್ಕೇಳುವುದನ್ನೂ ನೋಡಿದ ಹುಡುಗಿಯು ಮುಂದೆ ಪಿಯುಸಿ ತರಗತಿಯಲ್ಲಿ ಈ ತಪ್ಪನ್ನು ಮಾಡುವುದು ಅಪರೂಪ. ಎರಡನೆಯದಾಗಿ, ‘ಕಾಸ್ ಅ × ಟ್ಯಾನ್ ಅ = ಸೈನ್ ಅ’ ಎಂಬುದರಲ್ಲಿ 90 ಡಿಗ್ರಿಗೆ ಟ್ಯಾನ್ ಎಂಬುದೇ ಇಲ್ಲ. ನಕ್ಷೆಯಲ್ಲಿ ಆ ಒಂದು ರಂಧ್ರವು ಕಾಣದೆ ಹೋಗಬಹುದು. ಬೆಲೆಗಳ ಪಟ್ಟಿಯನ್ನು ತೆಗೆದರೆ ಅಲ್ಲಿ ‘ಎರರ್’ ಎಂದು ಬರೆದಿರುತ್ತದೆ. ಮೂರನೆಯದು ಇದಕ್ಕೆ ವಿಪರೀತವಾದುದು. ಯಂತ್ರವು ಹದಿನಾಲ್ಕು ಅಂಕಗಳ ವರೆಗೆ ಮಾತ್ರ ಲೆಕ್ಕವನ್ನಿಡುವುದರಿಂದ, ನಿಜವಾದ ನಿತ್ಯಸಮೀಕರಣದಲ್ಲಿಯೂ ಶೇಷವು ಸೊನ್ನೆಯಾಗದೆ ಹತ್ತು ಲಕ್ಷ ಕೋಟಿಯಲ್ಲಿ ಒಂದು ಪಾಲಿನಷ್ಟು ಉಳಿಯಬಹುದು. ಕಿಟಕಿಯನ್ನು ಅದಕ್ಕೆ ತಕ್ಕಂತೆ ಹಿಗ್ಗಿಸಿ ನೋಡಿದವರಿಗೆ ಗರಗಸದ ಹಲ್ಲುಗಳಂತಿರುವ ಗೆರೆಯು ಕಂಡು ಗಾಬರಿಯಾಗುವುದುಂಟು. ಸತ್ಯವನ್ನು ಸುಳ್ಳೆಂದು ತೋರಿಸುವ ಈ ದೋಷವು ಅಷ್ಟು ಅಪಾಯಕರವಲ್ಲ. ಸುಳ್ಳನ್ನು ಸತ್ಯವೆಂದು ತೋರಿಸುವುದೇ ಹೆಚ್ಚು ಅಪಾಯ.

ಹಾಗಾದರೆ ಚುಕ್ಕೆಗಳ ಸಾಕ್ಷ್ಯವನ್ನು ಎಂದಿಗೂ ನಂಬಕೂಡದೇ? ಇಲ್ಲಿ ಗಣಿತಶಾಸ್ತ್ರವು ಕೊಡುವ ಉತ್ತರವು ಬಹು ಸೊಗಸಾದುದು. ಶಾಲೆಯ ಪುಸ್ತಕಗಳಲ್ಲಿ ಇದು ಸಾಮಾನ್ಯವಾಗಿ ದೊರೆಯದು. ಎಡಭಾಗವೂ ಬಲಭಾಗವೂ ಸೈನ್ ಮತ್ತು ಕಾಸ್‌ಗಳಿಂದ ಕೂಡುವುದು, ಕಳೆಯುವುದು, ಗುಣಿಸುವುದು ಇಷ್ಟರಿಂದಲೇ ಕಟ್ಟಿದವಾಗಿದ್ದು, ಭಾಗಾಕಾರವೂ ವರ್ಗಮೂಲವೂ ಅವುಗಳಲ್ಲಿ ಇಲ್ಲದಿದ್ದರೆ, ಎಷ್ಟು ಕೋನಗಳಲ್ಲಿ ಹೊಂದಿದರೆ ಸಾಕೆಂಬುದನ್ನು ಮೊದಲೇ ಹೇಳಿಬಿಡಬಹುದು. ಅದಕ್ಕೆ ಕ್ರಮವಿದು. ಸೈನ್ ಅ, ಕಾಸ್ ಅ ಎಂಬುವಕ್ಕೆ ದರ್ಜೆ 1. ಸೈನ್ 3ಅ ಎಂಬುದಕ್ಕೆ ದರ್ಜೆ 3. ಸೈನ್³ ಅ ಎಂಬಂತೆ ಗುಣಿಸಿದಾಗ ದರ್ಜೆಗಳು ಕೂಡಿಕೊಂಡು ಅಲ್ಲಿಯೂ 3. ಇಡೀ ಹೇಳಿಕೆಯಲ್ಲಿರುವ ಅತಿ ದೊಡ್ಡ ದರ್ಜೆಯನ್ನು ಇಮ್ಮಡಿಸಿರಿ. ಎಡಬಲಗಳ ವ್ಯತ್ಯಾಸವು ನಿಜವಾಗಿ ಸೊನ್ನೆಯಲ್ಲದಿದ್ದರೆ, ಒಂದು ಪೂರ್ತಿ ಸುತ್ತಿನೊಳಗೆ ಅದು ಅಷ್ಟು ಕೋನಗಳಿಗಿಂತ ಹೆಚ್ಚು ಕಡೆಗಳಲ್ಲಿ ಸೊನ್ನೆಯಾಗಲಾರದು. ಎರಡನೆಯ ಘಾತದ ಸಮೀಕರಣಕ್ಕೆ ಎರಡಕ್ಕಿಂತ ಹೆಚ್ಚು ಮೂಲಗಳಿರಲಾರವೆಂದು ಬೀಜಗಣಿತದಲ್ಲಿ ಕಲಿತಿರುವಿರಲ್ಲವೆ? ಅದೇ ನಿಯಮದ ಮುಂದುವರಿದ ರೂಪವಿದು. ಆದುದರಿಂದ ಇನ್ನೊಂದು ಕೋನವನ್ನು ಸೇರಿಸಿ, ಅಷ್ಟೂ ಕಡೆಗಳಲ್ಲಿ ಎರಡು ಭಾಗಗಳು ಕಿಂಚಿತ್ತೂ ಭೇದವಿಲ್ಲದೆ ಹೊಂದಿದರೆ ಅದು ನಿತ್ಯಸಮೀಕರಣವೇ ಸರಿ, ಇನ್ನು ಸಂಶಯವಿಲ್ಲ.

ಉದಾಹರಣೆಗಾಗಿ,

ಸೈನ್ 3ಅ = 3 ಸೈನ್ ಅ − 4 ಸೈನ್³ ಅ

ಎಂಬುದನ್ನು ತೆಗೆದುಕೊಳ್ಳಿರಿ. ದರ್ಜೆ 3, ಇಮ್ಮಡಿಸಿದರೆ 6, ಒಂದು ಸೇರಿಸಿದರೆ 7. ಏಳು ಕೋನಗಳು ಸಾಕು. 0, 30, 90, 150, 180, 210, 270 ಡಿಗ್ರಿಗಳನ್ನು ಆರಿಸೋಣ. ಇವುಗಳ ಸೈನ್ ಬೆಲೆಗಳು 0, ಅರ್ಧ, 1 ಎಂಬವೇ ಆಗಿದ್ದು, ಕೆಲವಕ್ಕೆ ಋಣಚಿಹ್ನೆ ಸೇರುತ್ತದೆ. ಎಡಭಾಗಕ್ಕೆ ಕ್ರಮವಾಗಿ ಬರುವ ಬೆಲೆಗಳು 0, 1, −1, 1, 0, −1, 1. ಬಲಭಾಗದಲ್ಲಿ 30 ಡಿಗ್ರಿಗೆ ಒಂದೂವರೆಯಿಂದ ಅರ್ಧವನ್ನು ಕಳೆದರೆ 1. 90 ಡಿಗ್ರಿಗೆ 3ರಿಂದ 4ನ್ನು ಕಳೆದರೆ −1. ಉಳಿದವನ್ನೂ ಹೀಗೆಯೇ ಮಾಡಿದರೆ 0, 1, −1, 1, 0, −1, 1 ಎಂಬವೇ ಬರುತ್ತವೆ. ಯಂತ್ರವೂ ಬೇಡ, ಕೋಷ್ಟಕವೂ ಬೇಡ. ಏಳು ಬಾಯಿಲೆಕ್ಕಗಳಿಂದ ಸಕಲ ಕೋನಗಳ ಮಾತು ಇತ್ಯರ್ಥವಾಯಿತು.

ಈಗ ಸೈನ್ 49ಅ ನಮ್ಮನ್ನು ಹೇಗೆ ವಂಚಿಸಿತೆಂಬುದೂ ತಿಳಿಯುತ್ತದೆ. ಅದರ ದರ್ಜೆ 49. ಇಮ್ಮಡಿಸಿ ಒಂದು ಸೇರಿಸಿದರೆ, ಒಂದು ಸುತ್ತಿಗೆ 99 ಕೋನಗಳ ಸಾಕ್ಷ್ಯವು ಬೇಕಾಗಿತ್ತು. ಯಂತ್ರವು 7.5 ಡಿಗ್ರಿಗೊಂದರಂತೆ ಒಂದು ಸುತ್ತಿನಲ್ಲಿ ನೋಡಿದುದು 48 ಕೋನಗಳನ್ನು ಮಾತ್ರ. ಪರದೆಯ ಎಡದಿಂದ ಬಲದ ವರೆಗೆ 95 ಚುಕ್ಕೆಗಳಿದ್ದರೂ ಎರಡನೆಯ ಸುತ್ತಿನವು ಮೊದಲಿನ ಸುತ್ತಿನ ಮಾತನ್ನೇ ಮರಳಿ ಹೇಳುವ ಸಾಕ್ಷಿಗಳಾದುದರಿಂದ ಅವನ್ನು ಎಣಿಕೆಗೆ ಹಿಡಿಯುವಂತಿಲ್ಲ. ಅದಲ್ಲದೆ ಕಣ್ಣಿಗೆ ಹೊಂದಿದಂತೆ ತೋರುವುದು ಬೇರೆ, ಬೆಲೆಯು ಸರಿಸಮವಾಗಿರುವುದು ಬೇರೆ. ಭಾಸ್ಕರನ ಸೂತ್ರವು ಅದನ್ನು ತೋರಿಸಿಕೊಟ್ಟಿತಷ್ಟೆ. ಆದ ಕಾರಣ ಎಷ್ಟು ಕೋನಗಳು ಸಾಕೆಂಬುದನ್ನು ತರ್ಕದಿಂದ ಮೊದಲು ಗೊತ್ತುಮಾಡಿಕೊಂಡು, ಆ ಕೋನಗಳಲ್ಲಿ ಪೂರ್ಣಬೆಲೆಯಿಂದ ತಾಳೆ ನೋಡಿದಾಗ ಮಾತ್ರ ಚುಕ್ಕೆಗಳು ಸಾಧನೆಯ ಸ್ಥಾನಕ್ಕೇರುತ್ತವೆ.

ಇದೆಲ್ಲವನ್ನು ಓದಿ, ಮಕ್ಕಳಿಂದ ಯಂತ್ರವನ್ನು ಕಸಿದುಕೊಳ್ಳಬೇಕೆಂದು ಯಾರಾದರೂ ಎಣಿಸಿದರೆ ಅದು ನಮ್ಮ ಅಭಿಪ್ರಾಯವಲ್ಲ. ಸಾಧಿಸುವುದಕ್ಕೆ ಮೊದಲು ಊಹಿಸಬೇಕಾಗಿರುತ್ತದೆ. ಊಹೆಗೆ ನಕ್ಷೆಯಂಥ ಸಹಾಯಕವು ಇನ್ನೊಂದಿಲ್ಲ. ಪುಸ್ತಕದಲ್ಲಿ ಎಡಭಾಗವು ಮಾತ್ರ ಕೊಡಲ್ಪಟ್ಟು ಬಲಭಾಗವು ಅಳಿಸಿಹೋಗಿದೆಯೆಂದು ಇಟ್ಟುಕೊಳ್ಳೋಣ:

(1 + ಕಾಸ್ ಅ) / ಸೈನ್ ಅ + ಸೈನ್ ಅ / (1 + ಕಾಸ್ ಅ) = ?

ಇದಕ್ಕೆ ನಕ್ಷೆ ಬರೆಯಿಸಿದರೆ 0ಗೂ 180ಗೂ ನಡುವೆ ಬಟ್ಟಲಿನಂಥ ಒಂದು ಗೆರೆ ಕಾಣುವುದು. ಅದರ ತಳವು 90 ಡಿಗ್ರಿಯಲ್ಲಿ, ಸರಿಯಾಗಿ 2ರ ಎತ್ತರದಲ್ಲಿದೆ. 180ರಿಂದ 360ರ ವರೆಗೆ ಬಟ್ಟಲು ಬೋರಲಾಗಿದ್ದು ಅದರ ತುದಿಯು 270 ಡಿಗ್ರಿಯಲ್ಲಿ −2ಕ್ಕೆ ಮುಟ್ಟುತ್ತದೆ. 0, 180, 360ರಲ್ಲಿ ಗೆರೆಯು ಕಡಿದುಹೋಗಿದೆ. ಕೊಸೆಕ್ ನಕ್ಷೆಯನ್ನು ಒಮ್ಮೆ ಕಂಡವಳಿಗೆ ‘ಇದು ಅದರ ಇಮ್ಮಡಿಯಾಗಿರಬಹುದೇ?’ ಎಂಬ ಊಹೆ ಹುಟ್ಟುತ್ತದೆ. 30 ಡಿಗ್ರಿಯಲ್ಲಿ ಎಡಭಾಗವು 3.732 + 0.268, ಎಂದರೆ 4. ಕೊಸೆಕ್‌ನ ಇಮ್ಮಡಿಯೂ 4. ಊಹೆಯು ಗಟ್ಟಿಯಾಯಿತು. ಈಗ ಲೇಖನಿಯನ್ನು ತೆಗೆದುಕೊಂಡರೆ ಗುರಿಯು ಎದುರಿಗೇ ಇದೆ. ಎರಡು ಭಿನ್ನರಾಶಿಗಳಿಗೂ ಒಂದೇ ಛೇದವನ್ನು ಮಾಡಿದಾಗ ಮೇಲೆ ಬರುವುದು (1 + ಕಾಸ್ ಅ)² + ಸೈನ್² ಅ. ಅದನ್ನು ಬಿಡಿಸಿದರೆ 1 + 2 ಕಾಸ್ ಅ + ಕಾಸ್² ಅ + ಸೈನ್² ಅ. ಕೊನೆಯ ಎರಡು ಪದಗಳು ಸೇರಿ 1 ಆಗುವುದರಿಂದ ಒಟ್ಟು 2 + 2 ಕಾಸ್ ಅ, ಎಂದರೆ 2(1 + ಕಾಸ್ ಅ). ಛೇದದಲ್ಲಿರುವ (1 + ಕಾಸ್ ಅ) ಎಂಬುದರೊಡನೆ ಇದನ್ನು ಹೊಡೆದುಹಾಕಿದರೆ ಉಳಿಯುವುದು 2 / ಸೈನ್ ಅ. ಅದೇ 2 ಕೊಸೆಕ್ ಅ. ಸೈನ್ ಸೊನ್ನೆಯಾಗುವ ಕೋನಗಳನ್ನು ಬಿಟ್ಟು ಉಳಿದ ಎಲ್ಲ ಕಡೆಗಳಲ್ಲಿಯೂ ಇದು ನಿಲ್ಲುತ್ತದೆ. ನಕ್ಷೆಯು ಕಡಿದುಹೋದ ಜಾಗಗಳೂ ಅವೇ.

ಈ ನಾಲ್ಕು ಸಾಲುಗಳಲ್ಲಿ ಒಂದು ಸಂಗತಿಯನ್ನು ಗಮನಿಸಿರಿ. ಬಲಭಾಗವನ್ನು ಸತ್ಯವೆಂದು ಮೊದಲೇ ಒಪ್ಪಿಕೊಂಡು, ಎರಡು ಕಡೆಗಳನ್ನೂ ಅಡ್ಡಗುಣಿಸಿ, ಕೊನೆಗೆ ‘1 = 1’ ಎಂದು ಬರೆದು ನಿಲ್ಲಿಸುವ ಪದ್ಧತಿಯು ಇಲ್ಲಿ ಇಲ್ಲ. ಹಾಗೆ ಬರೆದ ಉತ್ತರಕ್ಕೆ ಉಪಾಧ್ಯಾಯಿನಿಯರು ಅಂಕವನ್ನು ಕಡಿಮೆ ಮಾಡಿದರೆ ಅದು ಕಠೋರತೆಯಲ್ಲ. ಸಾಧಿಸಬೇಕಾದುದನ್ನೇ ಸಾಧನವಾಗಿ ಹಿಡಿದ ದೋಷಕ್ಕೆ ಅದು ತಕ್ಕುದೇ. ಊಹೆಯನ್ನು ಯಂತ್ರವು ಕೊಟ್ಟಿತು. ಏಕೆ ಹೀಗೆಂಬುದನ್ನು ಮಾತ್ರ ಅದು ಹೇಳಲಿಲ್ಲ. ಸೈನ್ ವರ್ಗವೂ ಕಾಸ್ ವರ್ಗವೂ ಸೇರಿ 1 ಆಗುವುದೇ ಇಡೀ ವ್ಯವಹಾರದ ಮೂಲವೆಂಬುದು ಲೇಖನಿ ಹಿಡಿದವಳಿಗೆ ಮಾತ್ರ ಕಾಣುತ್ತದೆ.

ಎಸ್‌ಎಸ್‌ಎಲ್‌ಸಿ ಪರೀಕ್ಷೆಯ ಕೊಠಡಿಗೆ ಕ್ಯಾಲ್ಕುಲೇಟರನ್ನು ಒಯ್ಯುವಂತಿಲ್ಲವಾದುದರಿಂದ ಮನೆಯಲ್ಲಿ ಅಭ್ಯಾಸ ಮಾಡುವ ಕ್ರಮವೂ ಅದಕ್ಕೆ ತಕ್ಕಂತಿರಬೇಕು. ಮಗಳು ಲೆಕ್ಕವನ್ನು ಮಾಡುವುದಕ್ಕೆ ಮೊದಲು ಒಂದು ಸಲ ನಕ್ಷೆಯನ್ನು ನೋಡಲಿ. ಹೇಳಿಕೆಯೇ ಸುಳ್ಳಾಗಿದ್ದರೆ, ಮುದ್ರಣದ ತಪ್ಪಿದ್ದರೆ, ಒಂದು ಗಂಟೆಯ ಶ್ರಮ ಉಳಿಯುವುದು. ಮೊಬೈಲು ಇಲ್ಲದ ಮನೆಯಲ್ಲಿ 30, 45, 60ರಂಥ ಪರಿಚಿತ ಕೋನಗಳ ಜೊತೆಗೆ 17 ಡಿಗ್ರಿಯಂಥ ಅಪರಿಚಿತ ಕೋನವೊಂದನ್ನು ಕೋಷ್ಟಕದಿಂದ ತೆಗೆದು ತಾಳೆ ನೋಡಿದರೂ ಬಹುಮಟ್ಟಿಗೆ ಅದೇ ಪ್ರಯೋಜನವಾಗುತ್ತದೆ. ಸಾಧನೆಯನ್ನು ಬರೆಯುವಾಗ ಯಂತ್ರವನ್ನು ಪಕ್ಕಕ್ಕಿಡಲಿ. ನಡುವೆ ದಾರಿ ತಪ್ಪಿತೆಂದು ಕಂಡರೆ ತಾನು ಬರೆದ ಒಂದೊಂದು ಸಾಲನ್ನೂ ನಕ್ಷೆಗೆ ಕೊಟ್ಟು ನೋಡಲಿ. ಯಾವ ಸಾಲಿನಲ್ಲಿ ಗೆರೆಯು ಬೇರೆಯಾಯಿತೋ ತಪ್ಪು ಆ ಸಾಲಿನಲ್ಲಿದೆ.

ಹಳೆಯ ವಿದ್ಯಾರ್ಥಿನಿಯರಿಗಾಗಿ ಒಂದು ಲೆಕ್ಕವನ್ನು ಬಿಟ್ಟಿದ್ದೇವೆ. ‘ಕಾಸ್ 3ಅ = 4 ಕಾಸ್³ ಅ − 3 ಕಾಸ್ ಅ’ ಎಂಬುದಕ್ಕೂ ಏಳು ಕೋನಗಳು ಸಾಕು. 0, 60, 90, 120, 180, 240, 270 ಎಂಬವನ್ನು ತೆಗೆದುಕೊಂಡರೆ ಬೆಲೆಗಳೆಲ್ಲವೂ 0, ಅರ್ಧ, 1 ಇವುಗಳಲ್ಲಿಯೇ ಮುಗಿಯುತ್ತವೆ. ಚಿಹ್ನೆಗಳನ್ನು ಮಾತ್ರ ಎಚ್ಚರದಿಂದ ನೋಡಿಕೊಳ್ಳಬೇಕು. ಮಗಳನ್ನೂ ಪಕ್ಕದಲ್ಲಿ ಕೂರಿಸಿಕೊಂಡು ಮಾಡಿದರೆ ಕಾಲು ಗಂಟೆಯ ಕೆಲಸ.